ಚೆಕ್‌ರೋಲಿನ ಹಿಂಬದಿ

ನಮ್ಮ ಕಡೆ ರೈಟರ್ ಅಂದರೆ ಕತೆ ಬರೆಯುವವನಲ್ಲ.
ಬೆಳಗ್ಗೆ ಏಳೂವರೆಗೆ ಲೈನ್‌ಮನೆಯೆದುರು ನಿಂತು
ಹೆಸರು ಕೂಗಿ, ಬಂದವರಿಗೆ ಗೀಟು,
ಬಾರದವರಿಗೆ ಸೊನ್ನೆ ಹಾಕುವವನು.
ಪಾಲಿಬೆಟ್ಟದ ಈ ತೋಟಕ್ಕೆ ನಾನು ಹನ್ನೊಂದನೆಯ ರೈಟರ್.
ಮೂರನೆಯವನು ಮೊಣ್ಣಪ್ಪ.
ಅವನು ಎರಡೂ ಅರ್ಥದಲ್ಲಿ ರೈಟರ್. ಅದೇ ತಕರಾರಾಯಿತು.

ಪಲ್ಪರ್ ಮನೆಯ ಅಟ್ಟದಲ್ಲಿ ಸಿಕ್ಕಿತು ಕಟ್ಟು,
ಇಪ್ಪತ್ತೊಂಬತ್ತರಿಂದ ಮೂವತ್ತೊಂದನೇ ಇಸವಿಯದು.
ಒಂದು ಮಗ್ಗುಲಲ್ಲಿ ಆಳು, ಆಣೆ, ಪೈ;
ಮಗುಚಿದರೆ ಅದೇ ಕೈ, ಅದೇ ನೀಲಿ ಶಾಯಿ:
"ಹದಿನಾಲ್ಕನೆಯ ನೋಟ. ಹೊಳೆ ದಂಡೆ. ಮಧ್ಯಾಹ್ನ.
ಹೆಂಗಸು ಕೊಡ ಮುಳುಗಿಸುತ್ತಾಳೆ. ಕೊಡ ತುಂಬುವುದಿಲ್ಲ.
ಯಾಕೆಂದು ಹೇಳಬಾರದು."

ದೊರೆ ಹುಲಿಗೆಂದು ತಂದ ಕ್ಯಾಮರಾ ಅದು.
ಹುಲಿ ಬರಲಿಲ್ಲ; ಬೇಸತ್ತು, ಒರೆಸಿಡು ಎಂದು ಕೊಟ್ಟ.
ಮೊಣ್ಣಪ್ಪ ಒರೆಸಿದ, ಬಿಚ್ಚಿದ, ಜೋಡಿಸಿದ.
ಹಿಡಿ ಎಷ್ಟು ಬೇಗ ತಿರುಗಿಸಬೇಕೆಂದು ಹೇಳುವವರಿಲ್ಲ,
ಮನಸ್ಸಿನಲ್ಲೇ ದುಡಿ ಬಾರಿಸಿಕೊಂಡ.
ಅದಕ್ಕೇ ಅವನ ಚಿತ್ರದಲ್ಲಿ ಹೆಣ ಹೊತ್ತವರೂ
ಪುತ್ತರಿಯ ಕದಿರಿಗೆ ಹೊರಟವರ ಹಾಗೆ ನಡೆದರಂತೆ.
(ದೇಚವ್ವ ಹೇಳಿದ್ದು. ಆರು ವರ್ಷದವಳಿದ್ದಾಗ ನೋಡಿದ್ದಳು,
ತೀರಿಕೊಳ್ಳುವ ಮುಂಚೆ ನಡೆದು ತೋರಿಸಿದಳು.)

ನಾಯಕಿ ಬೇಕಿತ್ತು. ಒಕ್ಕದ ಹೆಣ್ಣುಗಳು ಕದ ಹಾಕಿಕೊಂಡರು.
ಬಂದವಳು ಕಾಫಿ ಕುಯ್ಯುವ ಬೋಜಿ, ಪಣಿ ಎರವರವಳು.
"ಏನು ಮಾಡಬೇಕು?"
"ತಿರುಗಿ ನೋಡಬೇಕು, ಅಷ್ಟೇ."
"ಎಷ್ಟು ಹೊತ್ತು?"
"ಸಾಕು ಅನ್ನುವವರೆಗೆ."
"ಕೂಲಿ?"
ಮೊಣ್ಣಪ್ಪ ಗೀಟು ಹಾಕಿದ.

ಕೊನೆಯ ನೋಟಕ್ಕೆ ಹೂವು ಬೇಕೆಂದು ಕಾದ.
ಒಂದು ವರ್ಷ ಹೂಮಳೆ ಕೈಕೊಟ್ಟಿತು.
ಮರುವರ್ಷ ಮಾರ್ಚಿನಲ್ಲಿ ತೋಟ ರಾತ್ರೋರಾತ್ರಿ ಬೆಳ್ಳಗಾದಾಗ
ಮೂರು ದಿನ, ಇಪ್ಪತ್ತಾರು ಆಳು,
ಒಬ್ಬರೂ ಕತ್ತಿ ಮುಟ್ಟಲಿಲ್ಲ.
ಚೆಕ್‌ರೋಲಿನಲ್ಲಿ ಇದೆ: "ಕಳೆ ಕೀಳುವುದು."

ವಿರಾಜಪೇಟೆಯಲ್ಲಿ ಏಲಕ್ಕಿ ಗೋದಾಮು, ಬಿಳಿ ಹೊದಿಕೆ.
ಪಕ್ಕದಲ್ಲಿ ಮೊಣ್ಣಪ್ಪನೇ ನಿಂತು ಓದುತ್ತ.
ಮುಂದಿನ ಕುರ್ಚಿಯಲ್ಲಿ ದೊರೆ, ತನ್ನ ಕ್ಯಾಮರಾದ ಹೆಮ್ಮೆಗೆ
ಎರಡು ಸಲ ಚಪ್ಪಾಳೆ ತಟ್ಟಿದ.
ಹೂವಿನ ನೋಟ ಬಂತು. ಚಪ್ಪಾಳೆ ನಿಂತಿತು.
ನೆತ್ತಿಯ ಮೇಲೆ ಸೂರ್ಯ, ತನ್ನದೇ ತೋಟ, ತನ್ನದೇ ಆಳುಗಳು.
ತುಟಿ ಅಲುಗಿಸಿ ಎಣಿಸಿದ.
ಮರುದಿನ ಚೆಕ್‌ರೋಲ್ ತರಿಸಿದ. ಮಗುಚಿ ನೋಡಲಿಲ್ಲ;
ನೋಡಿದ್ದರೂ ಕನ್ನಡ ಬರುತ್ತಿರಲಿಲ್ಲ.
ಆ ಚಿತ್ರಕ್ಕೆ ಬಂದದ್ದು ಒಂದೇ ವಿಮರ್ಶೆ: ಕೆಲಸದಿಂದ ವಜಾ.

ಆಮೇಲೆ ಮದರಾಸು. ಟಾಕಿ ಬಂದಿತ್ತು.
ಏಳು ಬರೆದ, ಎರಡು ನಿರ್ದೇಶಿಸಿದ.
ಒಂದರಲ್ಲಿ ಅವನ ಹೆಸರು ಮೋನಪ್ಪ, ಇನ್ನೊಂದರಲ್ಲಿ ಮುನ್ನಪ್ಪ,
ಮಿಕ್ಕವುಗಳಲ್ಲಿ ಹೆಸರಿಲ್ಲ.
ಎಲ್ಲದರಲ್ಲೂ ಒಬ್ಬಳು ಸುಮ್ಮನೆ ತಿರುಗಿ ನೋಡುವುದನ್ನು ಬರೆದಿದ್ದ.
ಎಲ್ಲದರಲ್ಲೂ ಅದನ್ನು ಕತ್ತರಿಸಿ
ಆ ಜಾಗಕ್ಕೆ ಹಾಡು ಹಾಕಿದರು.

ಮೊದಲ ಚಿತ್ರದ ಸುರುಳಿಗಳು ಊರಲ್ಲೇ ಉಳಿದವು,
ಹಳೆಯ ಜೇನು ಡಬ್ಬಿಗಳಲ್ಲಿ.
ಹದಿನೈದು ವರ್ಷದ ಮೇಲೆ ತಂಗಿ ತೆರೆದಳು:
ಕಂದು, ಅಂಟು, ನೂಲಿಳಿಯುವ ಪಾಕ.
ಜೇನು ಕೆಟ್ಟಿದೆಯೆಂದು ಬಚ್ಚಲೊಲೆಗೆ ಸುರಿದಳು.
ನೆರೆಯವರು ಸದ್ದಿಗೆ ಕಿವಿಗೊಟ್ಟು ಎಣಿಸಿದರು,
ಒಂದು ಗುಂಡಾದರೆ ಗಂಡು ಹುಟ್ಟಿದೆ, ಎರಡಾದರೆ ಸಾವು.
ಎಣಿಕೆಗೆ ಸಿಗಲಿಲ್ಲ.
ಮಾಡು ಮಾತ್ರ ಅರ್ಧ ಹಾರಿತ್ತು.

ಇವತ್ತು ಶನಿವಾರ, ಬಟವಾಡೆ.
ಹೊರಗೆ ಜನ ಕಾಯುತ್ತಿದ್ದಾರೆ, ನನ್ನ ಲೆಕ್ಕ ಮುಗಿದಿಲ್ಲ.
ಆದರೂ ಹಳೆಯ ಹಾಳೆಯೊಂದನ್ನು ಕಿಟಕಿಗೆ ಹಿಡಿದೆ.
ಬಿಸಿಲು ಹಾದು ಎರಡು ಮಗ್ಗುಲೂ ಒಂದಾದವು,
ಒಂದು ನೇರ, ಒಂದು ತಿರುಗುಮುರುಗು:

ಬೋಜಿ, ಪೂರ್ತಿ ದಿನ, ನಾಲ್ಕಾಣೆ
ಹೂವಿನ ನಡುವೆ ತಿರುಗಿ ನೋಡುತ್ತಾಳೆ

ಸಾಕು ಎಂದು ಎಲ್ಲಿಯೂ ಬರೆದಿಲ್ಲ.